ಯಾರ ಮಗುವಿನ ಬೇನೆ, ಯಾರ ಮೈಮೇಲೆ?

ಹಳ್ಳಿ ಶಾಲೆಯ ಮೇಷ್ಟ್ರುಗಳು ಒಂದು ಕೆಲಸ ಮಾಡಿ ನೋಡಬಹುದು. ಬೀರುವಿನ ತಳದಲ್ಲಿ ಗೆದ್ದಲು ತಿನ್ನುತ್ತಾ ಬಿದ್ದಿರುವ ಹಳೆಯ ದಾಖಲಾತಿ ಪುಸ್ತಕ ತೆಗೆದು ಅದರಲ್ಲಿರುವ ಹೆಸರುಗಳನ್ನು ಗಟ್ಟಿಯಾಗಿ ಓದಬಹುದು. ತಿಪ್ಪ, ಗುಂಡ, ಕಲ್ಲ, ಕಾಡ, ತಿರುಕ, ತಿಪ್ಪಮ್ಮ, ಹುಚ್ಚಮ್ಮ. ಈಗಿನ ಹುಡುಗರು ಕೇಳಿದರೆ ನಗುತ್ತಾರೆ. ನಗುವಂಥದ್ದು ಅಲ್ಲೇನೂ ಇಲ್ಲ. ಹುಟ್ಟಿದ ಕೂಸುಗಳು ಒಂದರ ಹಿಂದೆ ಒಂದು ಮಣ್ಣಾದ ಮನೆಯಲ್ಲಿ ಮತ್ತೊಂದು ಕೂಸು ಹುಟ್ಟಿದರೆ ಅದನ್ನು ತಿಪ್ಪೆಯ ಮೇಲೆ ಉರುಳಿಸಿ ಎತ್ತಿಕೊಂಡು ಬರುತ್ತಿದ್ದರು. ಮೊರದಲ್ಲಿ ಮಲಗಿಸಿ ಹಿಡಿ ಕಾಳಿಗೆ ಯಾರಿಗೋ ಮಾರಿದಂತೆ ಮಾಡಿ, ಮತ್ತೆ ಕೊಂಡುಕೊಂಡಂತೆ ಮಾಡುತ್ತಿದ್ದರು. ಇದು ಕಸ, ಇದು ಕಲ್ಲು, ಇದು ಯಾರೋ ಬಿಟ್ಟುಹೋದದ್ದು, ಯಾರಿಗೂ ಬೇಕಾಗಿಲ್ಲ ಅಂತ ಸಾವಿಗೆ ಸುಳ್ಳು ಹೇಳುವ ಉಪಾಯ ಅದು. ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯ ಹರಕೆಯಿಂದ ಬಂದ ತಿಪ್ಪೇಸ್ವಾಮಿಗಳ ಮಾತು ಬೇರೆ. ಉಳಿದ ಬಹುಪಾಲು ತಿಪ್ಪರ ಹಿಂದೆ ಹೆಸರಿಲ್ಲದ ಅಣ್ಣಂದಿರು, ಅಕ್ಕಂದಿರು ಇದ್ದಾರೆ.

ನಮ್ಮ ಇತಿಹಾಸದ ಪುಸ್ತಕಗಳಲ್ಲಿ ಮಕ್ಕಳು ಬರುವುದು ಪಟ್ಟಕ್ಕೇರುವಾಗ ಮಾತ್ರ. ಸಾಯುವ ಮಕ್ಕಳು, ಕಾಯಿಲೆ ಬಿದ್ದ ಮಕ್ಕಳು, ಕಣ್ಣು ಕಳೆದುಕೊಂಡ ಮಕ್ಕಳು ಅಲ್ಲಿಲ್ಲ. ಅವರ ಲೆಕ್ಕವಿರುವುದು ಮುದುಕಿಯರ ಬಾಯಲ್ಲಿ. ನಿನಗೆ ಎಷ್ಟು ಮಕ್ಕಳಜ್ಜಿ ಅಂತ ಕೇಳಿದರೆ, ಹೆತ್ತಿದ್ದು ಕೇಳ್ತೀಯೋ ಉಳಿದಿದ್ದು ಕೇಳ್ತೀಯೋ ಅನ್ನುವ ಅಜ್ಜಿಯರು ನಮ್ಮ ಕೇರಿಗಳಲ್ಲಿ ಇನ್ನೂ ಇದ್ದಾರೆ. ಈ ಲೆಕ್ಕ ಹಿಡಿದು ಹೊರಟರೆ ಒಂದು ವಿಚಿತ್ರ ಕಣ್ಣಿಗೆ ಬೀಳುತ್ತದೆ. ಮೇಲಿನ ಕೇರಿಯ ಮಗು ಉಳಿಯಬೇಕಾದಾಗ ಅಸ್ಪೃಶ್ಯರ ಮೈ ಬೇಕಾಗುತ್ತಿತ್ತು. ಅವರ ಹಾಲು, ಅವರ ಹೆಸರು, ಅವರ ಬಾಯಿ, ಅವರ ಮಗುವಿನ ತೋಳು. ಅಸ್ಪೃಶ್ಯರ ಮಗು ಉಳಿಯಬೇಕಾದಾಗ ಮಾತ್ರ ಮುಟ್ಟು, ಮಡಿ, ಮೈಲಿಗೆ ಎಲ್ಲವೂ ಎದ್ದು ನಿಲ್ಲುತ್ತಿದ್ದವು. ಮುಟ್ಟಬಾರದು ಅನ್ನುವ ನಿಯಮ ಒಂದೇ ದಿಕ್ಕಿಗೆ ಕೆಲಸ ಮಾಡುತ್ತಿತ್ತು. ಈ ಲೇಖನ ಅದರ ಬಗ್ಗೆ.

ಹೆಸರಿನಿಂದಲೇ ಶುರು ಮಾಡೋಣ. ಮನುಸ್ಮೃತಿಯ ಎರಡನೆಯ ಅಧ್ಯಾಯ ಬ್ರಾಹ್ಮಣನ ಹೆಸರು ಮಂಗಳಕರವಾಗಿರಬೇಕು, ಶೂದ್ರನ ಹೆಸರು ಹೇಸಿಗೆ ಹುಟ್ಟಿಸುವಂತಿರಬೇಕು ಎಂದು ವಿಧಿಸುತ್ತದೆ. ಶೂದ್ರನಿಗೇ ಈ ಗತಿಯಾದರೆ ಅವನಿಗಿಂತ ಕೆಳಗಿನವರ ಪಾಡು ಕೇಳಬೇಕೆ? ದಲಿತರ ಮಗುವಿಗೆ ಒಳ್ಳೆಯ ಹೆಸರಿಟ್ಟರೆ ಗೌಡ ಅದನ್ನು ಕೂಗದೆ ತನಗೆ ಬೇಕಾದಂತೆ ಕತ್ತರಿಸಿ ಕೂಗುತ್ತಿದ್ದ. ಹೇಸಿಗೆಯ ಹೆಸರು ಮೇಲ್ಜಾತಿಯ ಮಗುವಿಗೆ ಸಾವಿನಿಂದ ತಪ್ಪಿಸಿಕೊಳ್ಳುವ ಕಂಬಳಿ. ಕಷ್ಟ ಕಳೆದ ಮೇಲೆ ಅದನ್ನು ತೆಗೆದಿಟ್ಟು ಶಾಸ್ತ್ರದ ಹೆಸರು ಹೊದೆಯಬಹುದಿತ್ತು. ಕೇರಿಯ ಮಗುವಿಗೆ ಅದೇ ಚರ್ಮ. ಸಾಯುವವರೆಗೂ ಬಿಚ್ಚುವ ಹಾಗಿರಲಿಲ್ಲ.

ಇದರ ತುತ್ತತುದಿಯನ್ನು ನೋಡಬೇಕಾದರೆ ತುಳುನಾಡಿಗೆ ಹೋಗಬೇಕು. ಎಡ್ಗರ್ ಥರ್ಸ್ಟನ್ 1909ರಲ್ಲಿ ದಕ್ಷಿಣ ಭಾರತದ ಜಾತಿ ಬುಡಕಟ್ಟುಗಳ ಬಗ್ಗೆ ಏಳು ಸಂಪುಟ ತಂದರು. ಅದರಲ್ಲಿ ಕೊರಗರ ಬಗ್ಗೆ ಬರೆದ ಭಾಗವನ್ನು ಎದೆ ಗಟ್ಟಿ ಮಾಡಿಕೊಂಡು ಓದಬೇಕು. ಕೊರಗರಲ್ಲಿ ಒಂದು ಪಂಗಡದವರಿಗೆ ಅಂಡೆ ಕೊರಗರು ಅಂತ ಹೆಸರು. ಅವರ ಉಗುಳು ದಾರಿಯ ಮೇಲೆ ಬಿದ್ದರೆ ದಾರಿ ಮೈಲಿಗೆಯಾಗುತ್ತದೆ ಅಂತ ಕೊರಳಿಗೆ ಒಂದು ಅಂಡೆ ಕಟ್ಟಿಕೊಂಡು ತಿರುಗಬೇಕಿತ್ತು. ಉಗುಳು ಬಂದರೆ ಅದರೊಳಗೇ ಉಗುಳಬೇಕು. ಅದೇ ಬರಹದಲ್ಲಿ ಇನ್ನೊಂದು ಸಂಗತಿಯಿದೆ. ಮೇಲಿನವರ ಮನೆಯ ಕೂಸು ಉಳಿಯುವುದು ಕಷ್ಟ ಅನ್ನಿಸಿದರೆ ಕೊರಗರ ಹೆಂಗಸನ್ನು ಕರೆಸುತ್ತಿದ್ದರು. ಎಣ್ಣೆ, ಅಕ್ಕಿ, ಒಂದಿಷ್ಟು ಚಿಲ್ಲರೆ ಕಾಸು ಕೊಟ್ಟು ಕೂಸನ್ನು ಅವಳ ಕೈಗಿಡುತ್ತಿದ್ದರು. ಅವಳು ಆ ಕೂಸಿಗೆ ಎದೆಹಾಲು ಕುಡಿಸಬೇಕು. ತನ್ನ ಕೈಯ ಕಬ್ಬಿಣದ ಬಳೆಯನ್ನು ಕೂಸಿನ ಕೈಗೆ ಹಾಕಬೇಕು. ತನ್ನ ಜಾತಿಯ ಹೆಸರನ್ನೇ ಅದಕ್ಕೆ ಇಟ್ಟು ಕರೆದು ತಾಯಿಗೆ ವಾಪಸು ಕೊಡಬೇಕು. ಇಷ್ಟು ಮಾಡಿದರೆ ಮಗುವಿನ ಆಯುಸ್ಸು ಬೆಳೆಯುತ್ತದೆ ಎಂಬ ನಂಬಿಕೆ.

ನೋಡಿ, ಉಗುಳು ಮಣ್ಣಿನ ಮೇಲೆ ಬೀಳಬಾರದು. ಹಾಲು ಮಗುವಿನ ಹೊಟ್ಟೆಗೆ ಬೀಳಬಹುದು. ಎರಡೂ ಒಂದೇ ಮೈಯಿಂದ ಬಂದದ್ದಲ್ಲವೇ?

ಎದೆಯಲ್ಲಿ ಹಾಲಿರುವ ಹೆಂಗಸು ಅಂದ ಮೇಲೆ ಅವಳಿಗೂ ಒಂದು ಕೂಸಿರಬೇಕು. ಆ ಕೂಸು ಆ ಹೊತ್ತಿನಲ್ಲಿ ಎಲ್ಲಿತ್ತು, ಯಾರ ಕೈಯಲ್ಲಿತ್ತು, ಹಸಿದಿತ್ತೋ ಅಳುತ್ತಿತ್ತೋ, ಥರ್ಸ್ಟನ್ ಬರೆಯಲಿಲ್ಲ. ಬರೆಯಬೇಕು ಅಂತ ಯಾರಿಗೂ ಅನ್ನಿಸಲಿಲ್ಲ.

ಇದರ ಜೊತೆಗೇ ಅಜಲು. ಗರ್ಭಿಣಿಯರ, ಕಾಯಿಲೆ ಬಿದ್ದವರ ಉಗುರು, ಕೂದಲನ್ನು ಅನ್ನದಲ್ಲಿ ಕಲಸಿ ಕೊರಗರಿಗೆ ತಿನ್ನಿಸುವುದು. ತಿಂದವನ ಮೈಗೆ ಬೇನೆ ದಾಟಿಕೊಳ್ಳುತ್ತದೆ, ಬಸಿರು ನಿಲ್ಲುತ್ತದೆ, ಮನೆ ಹಗುರವಾಗುತ್ತದೆ ಅನ್ನುವ ಲೆಕ್ಕ. ಇದನ್ನು ಹಳೆಯ ಕಾಲದ ಕತೆ ಅಂತ ತಳ್ಳಿಹಾಕುವವರು ಒಂದು ವರ್ಷವನ್ನು ನೆನಪಿಟ್ಟುಕೊಳ್ಳಲಿ. ಕರ್ನಾಟಕದ ವಿಧಾನಮಂಡಲ ಅಜಲು ಪದ್ಧತಿಯನ್ನು ನಿಷೇಧಿಸುವ ಕಾನೂನು ಮಾಡಿದ್ದು 2000ದಲ್ಲಿ. ಅನ್ನದಲ್ಲಿ ಕೂದಲು, ಉಗುರು ಕಲಸಿ ತಿನ್ನಿಸುವುದು, ಕಂಬಳ ಶುರುವಾಗುವ ಮುಂಚೆ ಕೊರಗರನ್ನು ಕೋಣಗಳಂತೆ ಓಡಿಸುವುದು ಅಪರಾಧ ಎಂದು ಆ ಕಾನೂನಿನಲ್ಲಿ ಬಿಡಿಸಿ ಬರೆಯಬೇಕಾಯಿತು. ಇಲ್ಲದ್ದನ್ನು ನಿಷೇಧಿಸಲು ಯಾರೂ ಕಾನೂನು ಮಾಡುವುದಿಲ್ಲ. 2011ರ ಜನಗಣತಿಯಲ್ಲಿ ಕರ್ನಾಟಕದ ಕೊರಗರು 14,794 ಮಂದಿ. ಊರವರ ಮಕ್ಕಳಿಗೆ ಆಯುಸ್ಸು ಹಂಚಿದವರ ಲೆಕ್ಕ ಇಷ್ಟು.

ಇನ್ನು ಅಮ್ಮನ ವಿಷಯಕ್ಕೆ ಬರೋಣ. ಸಿಡುಬಿಗೆ ನಮ್ಮ ಕಡೆ ಮೈಲಿ ಅಂತಲೂ ಅಂದರು, ಉತ್ತರದ ಕಡೆ ದೇವಿ ಅಂದರು. ಕಾಯಿಲೆಯ ಹೆಸರು ಹೇಳಬಾರದು ಅಂತ ಎಲ್ಲ ಕಡೆ ಅಮ್ಮ ಅಂದರು. ಮಗುವಿನ ಮೈಮೇಲೆ ಗುಳ್ಳೆ ಎದ್ದರೆ ಅಮ್ಮ ಬಂದಿದ್ದಾಳೆ. ಬಾಗಿಲಿಗೆ ಬೇವಿನ ಸೊಪ್ಪು ಸಿಕ್ಕಿಸಬೇಕು. ಒಲೆಯ ಮೇಲೆ ಒಗ್ಗರಣೆ ಸಿಡಿಯಬಾರದು. ಹೊರಗಿನವರು ಒಳಗೆ ಬರಬಾರದು, ಒಳಗಿನವರು ಊರು ತಿರುಗಬಾರದು. ಮಗುವನ್ನು ಬೇವಿನೆಲೆಯ ಮೇಲೆ ಮಲಗಿಸಬೇಕು, ತುರಿಕೆಗೆ ಬೇವಿನ ಎಸಳಿನಿಂದ ಸವರಬೇಕು, ಮೊಸರನ್ನ ಎಡೆಯಿಡಬೇಕು, ಇಳಿದ ಮೇಲೆ ಬೇವು ಅರಿಶಿನದ ನೀರು ಹುಯ್ಯಬೇಕು. ಬುದ್ಧಿಜೀವಿಗಳು ಇದನ್ನೆಲ್ಲ ಮೂಢನಂಬಿಕೆ ಅಂತ ಒಂದೇ ಮಾತಿನಲ್ಲಿ ಒದೆಯುವುದು ನನಗೆ ಒಪ್ಪಿಗೆಯಿಲ್ಲ. ಔಷಧಿಯೇ ಇಲ್ಲದ ರೋಗಕ್ಕೆ ಹೆಂಗಸರು ಕಂಡುಕೊಂಡ ಆರೈಕೆ ಅದು. ಮನೆಯನ್ನು ಪ್ರತ್ಯೇಕವಾಗಿಡುವುದು, ಮೈ ತಂಪಾಗಿಡುವುದು, ಮಗುವಿನ ಪಕ್ಕ ಬಿಟ್ಟು ಏಳದಿರುವುದು. ಸಿಡುಬು ಬಂದ ಮಗುವಿಗೆ ಆ ಕಾಲದ ಆಸ್ಪತ್ರೆ ಇದಕ್ಕಿಂತ ಹೆಚ್ಚೇನೂ ಮಾಡುತ್ತಿರಲಿಲ್ಲ.

ಆದರೆ ಈ ಆರೈಕೆಗೆ ಒಂದು ಮನೆ ಬೇಕು. ಹದಿನೈದು ದಿನ ಹೊರಗೆ ಹೋಗದೆ ಉಣ್ಣುವಷ್ಟು ಕಾಳು ಬೇಕು. ಜೀತದಾಳಿನ ಹೆಂಡತಿ ಅಮ್ಮ ಬಂದಿದ್ದಾಳೆ ಅಂತ ಕಳೆ ಕೀಳಲು ಹೋಗದಿದ್ದರೆ ಸಂಜೆ ಹಿಟ್ಟೆಲ್ಲಿಂದ ಬರಬೇಕು? ಒಂದೇ ಅಂಕಣದ ಗುಡಿಸಲಿನಲ್ಲಿ ಯಾವ ಮಗುವನ್ನು ಯಾವ ಮಗುವಿನಿಂದ ದೂರ ಮಲಗಿಸಬೇಕು? ಅಮ್ಮನ ನೇಮ ಎಲ್ಲರಿಗೂ ಒಂದೇ ಇತ್ತು. ನೇಮ ನಡೆಸುವ ಶಕ್ತಿ ಒಂದೇ ಇರಲಿಲ್ಲ. ಮಗು ಸತ್ತರೆ ತಪ್ಪು ತಾಯಿಯದು. ಅವಳು ಮಡಿ ಕೆಡಿಸಿದಳು, ಅವಳು ಹೊಲಕ್ಕೆ ಹೋದಳು, ಅದಕ್ಕೇ ಅಮ್ಮ ಮುನಿದಳು. ಹೊಲಕ್ಕೆ ಕರೆದವನ ಮೇಲೆ ಅಮ್ಮ ಯಾವತ್ತೂ ಮುನಿದದ್ದಿಲ್ಲ.

ಊರಿಗೆಲ್ಲ ಬೇನೆ ಹಬ್ಬಿದಾಗ ಮಾರಿಹಬ್ಬ. ಮಾರಿಯ ಕತೆ ಎಲ್ಲರಿಗೂ ಗೊತ್ತಿದ್ದದ್ದೇ. ಹೊಲೆಯರ ಹುಡುಗ ಜಾತಿ ಮುಚ್ಚಿಟ್ಟು ಬ್ರಾಹ್ಮಣರ ಹುಡುಗಿಯನ್ನು ಮದುವೆಯಾದ. ಮಕ್ಕಳಾದವು. ಒಂದು ದಿನ ಗುಟ್ಟು ಬಯಲಾಯಿತು. ಅವಳು ಉರಿದೆದ್ದು ಮಾರಿಯಾದಳು. ಗಂಡ ಕೋಣನಾದ, ಮಕ್ಕಳು ಕುರಿ ಕೋಳಿಗಳಾದವು. ವರ್ಷವರ್ಷವೂ ಅವರನ್ನು ಕಡಿದು ಅವಳನ್ನು ತಣ್ಣಗೆ ಮಾಡಬೇಕು. ಬಿಷಪ್ ಹೆನ್ರಿ ವೈಟ್‌ಹೆಡ್ ದಕ್ಷಿಣ ಭಾರತದ ಗ್ರಾಮದೇವತೆಗಳ ಬಗ್ಗೆ 1916ರಲ್ಲಿ ತಂದ ಪುಸ್ತಕದಲ್ಲೂ ಈ ಕತೆಯಿದೆ. ಜನ ಈ ಕತೆಯ ಕೋಣನನ್ನು ಕುರಿತು ಬಹಳ ಬರೆದಿದ್ದಾರೆ. ನಾನು ಹೇಳುವುದು ಆ ಮಕ್ಕಳ ಬಗ್ಗೆ. ಊರಿನ ಮಕ್ಕಳು ಉಳಿಯಲಿ ಅಂತ ಮಾಡುವ ಹಬ್ಬದಲ್ಲಿ ಸಾಯುವವರು, ಕತೆಯ ಪ್ರಕಾರವೇ, ಹೊಲೆಯನ ಮಕ್ಕಳು. ಕೋಣನ ರಕ್ತ ಕಲಸಿದ ಅನ್ನದ ಚರಗವನ್ನು ಕತ್ತಲಲ್ಲಿ ಊರ ಗಡಿಯುದ್ದಕ್ಕೂ ಚೆಲ್ಲಿ ಬೇನೆಯನ್ನು ಆಚೆ ದಾಟಿಸುವ ಕೆಲಸವೂ ಕೇರಿಯವರದೇ. ದಾರಿಯಲ್ಲಿ ಮಾರಿ ಯಾರನ್ನಾದರೂ ಹಿಡಿಯುವುದಿದ್ದರೆ ಹಿಡಿಯುವುದು ಹೊತ್ತವನನ್ನು.

ಹರಕೆಯ ಹೆಸರಿನಲ್ಲಿ ಹೆಣ್ಣುಮಕ್ಕಳನ್ನೇ ಕೊಟ್ಟದ್ದೂ ಇದೇ ಇತಿಹಾಸದ ಒಂದು ಪುಟ. ಹುಡುಗಿಯ ತಲೆಗೂದಲು ಜಡೆಗಟ್ಟಿದರೆ ಎಲ್ಲಮ್ಮ ಕರೆದಳು ಅಂದರು. ಎಣ್ಣೆ ಕಾಣದ, ನೀರು ಕಾಣದ ತಲೆ ಜಡೆಗಟ್ಟದೆ ಇನ್ನೇನಾಗುತ್ತದೆ? ಮನೆಯಲ್ಲಿ ಒಬ್ಬರಿಗೆ ವಾಸಿಯಾಗದ ಬೇನೆ ಬಂದರೂ ಹುಡುಗಿಗೆ ಮುತ್ತು ಕಟ್ಟಿದರು. 1982ರ ದೇವದಾಸಿ ನಿಷೇಧದ ಕಾನೂನು ಬರುವ ತನಕ, ಬಂದ ಮೇಲೂ, ಸೀಗೆಪುಡಿಯಿಂದ ಹೋಗುವ ಒಂದು ಜಡೆಗೆ ಎಷ್ಟು ಹುಡುಗಿಯರು ಬಲಿಯಾದರು ಅಂತ ಯಾವ ಆಸ್ಪತ್ರೆಯ ಪುಸ್ತಕದಲ್ಲೂ ಸಿಗುವುದಿಲ್ಲ. ಈ ವಿಷಯಕ್ಕೆ ಬೇರೆಯದೇ ಲೇಖನ ಬೇಕು.

ಸಿಡುಬಿಗೆ ಕೊನೆಗೂ ಮದ್ದು ಬಂತು. ಆ ಮದ್ದು ಬಂದ ದಾರಿಯೇ ನಮ್ಮ ಮಾತಿಗೆ ದೊಡ್ಡ ಸಾಕ್ಷಿ.

ಹಸುವಿನ ಸಿಡುಬಿನ ರಸವನ್ನು ಮನುಷ್ಯರ ಮೈಗೆ ಹಾಕಿದರೆ ದೊಡ್ಡ ಸಿಡುಬು ಬರುವುದಿಲ್ಲ ಅಂತ ಎಡ್ವರ್ಡ್ ಜೆನ್ನರ್ 1798ರಲ್ಲಿ ಪ್ರಕಟಿಸಿದ. ಆ ರಸವನ್ನು ಇಂಡಿಯಾಕ್ಕೆ ತರುವುದು ಹೇಗೆ? ಆಗ ಐಸಿಲ್ಲ, ಶೀಶೆಯಲ್ಲಿಟ್ಟರೆ ಬಿಸಿಲಿಗೆ ಕೆಡುತ್ತದೆ. ಕೆಡದ ಪಾತ್ರೆ ಒಂದೇ, ಮನುಷ್ಯರ ಮೈ. ಒಂದು ಮಗುವಿನ ತೋಳಿಗೆ ಹಾಕುವುದು, ಸುಮಾರು ಎಂಟನೇ ದಿನಕ್ಕೆ ಗುಳ್ಳೆ ತುಂಬಿದಾಗ ಅದನ್ನು ಚುಚ್ಚಿ ರಸ ತೆಗೆದು ಇನ್ನೊಂದು ಮಗುವಿನ ತೋಳಿಗೆ ಹಾಕುವುದು, ಅಲ್ಲಿಂದ ಮತ್ತೊಂದಕ್ಕೆ. ಹೀಗೆ ತೋಳಿನಿಂದ ತೋಳಿಗೆ ಬಾಗ್ದಾದು, ಬಸ್ರಾ ದಾಟಿ ಬೊಂಬಾಯಿಗೆ ಬಂತು. 1802ರ ಜೂನ್ 14ರಂದು ಆನ್ನಾ ಡಸ್ಟ್‌ಹಾಲ್ ಎಂಬ ಮೂರು ವರ್ಷದ ಮಗುವಿನ ತೋಳಿನಲ್ಲಿ ಅದು ಹತ್ತಿತು. ಆ ಮಗುವಿನ ತೋಳಿನಿಂದ ಇನ್ನೈದು ಮಕ್ಕಳಿಗೆ, ಅವರಿಂದ ಪುಣೆಗೆ, ಹೈದರಾಬಾದಿಗೆ, ಮದರಾಸಿಗೆ.

ಮೂರು ವರ್ಷ ಕಳೆದ ಮೇಲೆ, 1805ರ ಸುಮಾರಿಗೆ, ಥಾಮಸ್ ಹಿಕಿ ಎಂಬ ಚಿತ್ರಗಾರ ಮೈಸೂರು ಅರಮನೆಯ ಮೂವರು ಹೆಂಗಸರ ಚಿತ್ರ ಬರೆದ. 1799ರಲ್ಲಿ ಐದು ವರ್ಷದ ಕೂಸಾಗಿ ಪಟ್ಟಕ್ಕೆ ಕೂತ ಮುಮ್ಮಡಿ ಕೃಷ್ಣರಾಜರ ಮದುವೆಯ ಕಾಲ ಅದು. ಚಿತ್ರದ ಒಬ್ಬ ಹುಡುಗಿ ಸೆರಗನ್ನು ಸ್ವಲ್ಪ ಸರಿಸಿ ತೋಳು ತೋರಿಸುವಂತೆ ನಿಂತಿದ್ದಾಳೆ. ಅವಳು ದೊರೆಯ ರಾಣಿ ದೇವಾಜಮ್ಮಣ್ಣಿ, ಹನ್ನೆರಡರ ಆಸುಪಾಸಿನ ಬಾಲೆ, ತೋರಿಸುತ್ತಿರುವುದು ಮೈಲಿ ಹಾಕಿಸಿಕೊಂಡ ತೋಳು, ಪ್ರಜೆಗಳಿಗೆ ಧೈರ್ಯ ಬರಲಿ ಅಂತ ಬರೆಸಿದ ಚಿತ್ರ ಇದು ಅಂತ ಇತಿಹಾಸಕಾರ ನೈಜೆಲ್ ಚಾನ್ಸಲರ್ ವಾದಿಸಿದ್ದಾರೆ. ಈ ವಾದವನ್ನು ಒಪ್ಪದವರೂ ಇದ್ದಾರೆ. ಇರಲಿ. ಆ ಕಾಲದಲ್ಲಿ ಯಾವ ರಾಣಿಯ ತೋಳಿಗೆ ಮೈಲಿ ಹಾಕಿದ್ದರೂ ಆ ರಸ ಬಂದ ದಾರಿ ಒಂದೇ. ಬೊಂಬಾಯಿಯಿಂದ ಹಿಡಿದು ಸಾಲಾಗಿ ನಿಂತ ಮಕ್ಕಳ ತೋಳು. ರಾಣಿಯ ಚಿತ್ರ 2007ರಲ್ಲಿ ಹರಾಜು ಕಟ್ಟೆಯವರೆಗೆ ಹೋಯಿತು. ಸಾಲಿನಲ್ಲಿ ಅವಳ ಹಿಂದೆ ನಿಂತವರ ಚಿತ್ರ ಬರೆದವರಿಲ್ಲ.

ಅವರು ಯಾರು? ಕುಲವಂತರು ತಮ್ಮ ಮಗುವಿನ ಗುಳ್ಳೆ ಚುಚ್ಚಿ ರಸ ತೆಗೆಯಲು ಬಿಡುತ್ತಿರಲಿಲ್ಲ. ಅದು ನೋವಿನ ಕೆಲಸ, ಗಾಯ ಕೆಡಬಹುದು, ಮಗುವಿನ ತ್ರಾಣವೇ ಹೋಗುತ್ತದೆ ಅಂತ ಹೆದರಿಕೆ. ಸರ್ಕಾರದವರು ಅನಾಥಾಲಯಗಳ ಮಕ್ಕಳನ್ನು, ಕೆಳಜಾತಿಯ ಬಡವರ ಮಕ್ಕಳನ್ನು ಹಿಡಿದರು. ತಾಯಿತಂದೆಗೆ ಒಂದಿಷ್ಟು ಕಾಸು ಕೊಟ್ಟು, ಗುಳ್ಳೆಯೆದ್ದ ಮಗುವನ್ನು ಊರಿಂದೂರಿಗೆ ಹೊತ್ತು ತಿರುಗಿಸಿದರು. ಸುಗ್ಗಿಯ ಕೂಲಿಗೆ ಹೋದಂತೆ ಮಗುವಿನ ತೋಳು ಕೂಲಿಗೆ ಹೋಯಿತು. ಆಗ ಮೇಲಿನವರು ಬೇರೆ ತಕರಾರು ತೆಗೆದರು. ಪರೆಯನ ಮಗುವಿನ ಮೈಯ ಕೀವು ನಮ್ಮ ಮಗುವಿನ ರಕ್ತಕ್ಕೆ ಹೋಗಬಾರದು ಅಂತ. ಹತ್ತೊಂಬತ್ತನೇ ಶತಮಾನದ ಉದ್ದಕ್ಕೂ ಬ್ರಿಟಿಷ್ ವೈದ್ಯರ ಬರಹಗಳಲ್ಲಿ ಈ ದೂರು ಬರುತ್ತಲೇ ಇದೆ. ಮೈಲಿ ಮತ್ತು ಮೈಲಿಗೆ, ಎರಡು ಮಾತಿನ ನಂಟನ್ನು ಪಂಡಿತರು ನೋಡಿಕೊಳ್ಳಲಿ. ಮೈಲಿ ಹಾಕುವವನ ಮುಂದೆ ಇವೆರಡೂ ಕೂಡಿಯೇ ಬಂದವು. ಮಜಾ ಏನೆಂದರೆ, ನಾಲ್ಕು ತೋಳು ದಾಟಿದ ಮೇಲೆ ರಸ ಯಾವ ಜಾತಿಯದು ಅಂತ ಹೇಳುವ ಬ್ರಹ್ಮನೂ ಇರಲಿಲ್ಲ. ಬೇಡ ಬೇಡ ಅಂದವರ ಮಕ್ಕಳನ್ನೂ ಅದೇ ರಸ ಉಳಿಸಿತು. ಎಷ್ಟೋ ಅಗ್ರಹಾರದ ತೋಳುಗಳೊಳಗೆ ಹೊಲಗೇರಿಯ ಹಸುಳೆಗಳ ತೋಳು ಸೇರಿಕೊಂಡಿದೆ. ಇದನ್ನು ಯಾರೂ ಪಂಚಗವ್ಯ ಕುಡಿದು ತೊಳೆದುಕೊಳ್ಳಲಾಗಲಿಲ್ಲ.

ಆ ಶತಮಾನದ ಕೊನೆಯ ಹೊತ್ತಿಗೆ ಕರುಗಳ ಮೈಮೇಲೆ ರಸ ಬೆಳೆಸುವ ವಿಧಾನ ಬಂತು. ಬೆಳಗಾವಿಯಲ್ಲಿ ಇವತ್ತಿಗೂ ಜನ ವ್ಯಾಕ್ಸಿನ್ ಡಿಪೋ ಅಂತ ಕರೆಯುವ ಜಾಗ ಆ ಕೆಲಸಕ್ಕೇ ಹುಟ್ಟಿದ್ದು. ಕರು ಬಂದ ಮೇಲೆ ಕೇರಿಯ ಮಗುವಿನ ತೋಳಿಗೆ ರಜೆ ಸಿಕ್ಕಿತು. 1975ರ ಮೇ ತಿಂಗಳಲ್ಲಿ ಇಂಡಿಯಾದ ಕೊನೆಯ ಸಿಡುಬಿನ ರೋಗಿ ಸಿಕ್ಕಿದ್ದು, 1980ರ ಮೇ 8ರಂದು ಜಗತ್ತಿನಿಂದಲೇ ಸಿಡುಬು ಹೋಯಿತು ಅಂತ ಸಾರಿದ್ದು. ಆಗ ಜೆನ್ನರನನ್ನು ನೆನೆದರು, ವಿಶ್ವ ಆರೋಗ್ಯ ಸಂಸ್ಥೆಯನ್ನು ನೆನೆದರು. ನೆನೆಯಲಿ, ನೆನೆಯಬೇಕಾದವರೇ. ಆ ಎಂಬತ್ತು ತೊಂಬತ್ತು ವರ್ಷ ಮದ್ದಿಗೆ ಪಾತ್ರೆಯಾದ ಮಕ್ಕಳನ್ನು ನೆನೆಯಲಿಲ್ಲ.

ಈಗ ದಿಕ್ಕು ತಿರುಗಿಸಿ ನೋಡೋಣ. ಬೇನೆ ಕೇರಿಯ ಮನೆಯಲ್ಲೇ ಬಂದರೆ ಏನಾಗುತ್ತಿತ್ತು?

ಬಾಬಾಸಾಹೇಬರು ‘ವೇಟಿಂಗ್ ಫಾರ್ ಎ ವೀಸಾ’ದಲ್ಲಿ ಒಂದು ಘಟನೆ ಕೊಟ್ಟಿದ್ದಾರೆ. ಕಾಥಿಯಾವಾಡದ ಒಬ್ಬ ಅಸ್ಪೃಶ್ಯ ಮೇಷ್ಟ್ರು ಬರೆದ ಪತ್ರ ಅದು. 1929ರ ಡಿಸೆಂಬರಿನಲ್ಲಿ ಗಾಂಧೀಜಿಯ ‘ಯಂಗ್ ಇಂಡಿಯಾ’ದಲ್ಲಿ ಅಚ್ಚಾಗಿತ್ತು. ಹೆಂಡತಿಗೆ ಹೆರಿಗೆಯಾಗಿ ಎರಡು ದಿನಕ್ಕೆ ಕಾಯಿಲೆ ಏರಿತು. ಡಾಕ್ಟರನ್ನು ಕರೆದರೆ ಕೇರಿಗೆ ಕಾಲಿಡುವುದಿಲ್ಲ ಅಂದ. ಊರಿನ ದೊಡ್ಡವರು ಮಧ್ಯೆ ಬಂದು ಎರಡು ರೂಪಾಯಿ ಫೀಸಿಗೆ ಜಾಮೀನು ನಿಂತ ಮೇಲೆ, ಬಾಣಂತಿಯನ್ನು ಕೇರಿಯ ಹೊರಗೆ ತಂದು ಮಲಗಿಸಿದರೆ ನೋಡುತ್ತೇನೆ ಅಂದ. ಎರಡು ದಿನದ ಹಸಿ ಬಾಣಂತಿಯನ್ನು, ಕೂಸನ್ನು, ರಾತ್ರಿಯ ಹೊತ್ತಿನಲ್ಲಿ ಹೊರಗೆ ತಂದರು. ಡಾಕ್ಟರು ಥರ್ಮಾಮೀಟರನ್ನು ಒಬ್ಬ ಮುಸಲ್ಮಾನನ ಕೈಗೆ ಕೊಟ್ಟ. ಮುಸಲ್ಮಾನ ಗಂಡನ ಕೈಗೆ ಕೊಟ್ಟ. ಗಂಡ ಹೆಂಡತಿಗೆ ಇಟ್ಟ. ಅದೇ ಸಾಲಿನಲ್ಲಿ ಅದು ವಾಪಸು ಹೋಯಿತು. ದೀಪದ ಬೆಳಕಿನಲ್ಲಿ ಓದಿ ನ್ಯುಮೋನಿಯಾ ಅಂದ. ಮತ್ತೆ ಬರಲಿಲ್ಲ. ಆಕೆ ಸತ್ತಳು.

ಕೈಯಿಂದ ಕೈಗೆ ಹೋದ ಈ ಥರ್ಮಾಮೀಟರನ್ನೂ ತೋಳಿನಿಂದ ತೋಳಿಗೆ ಹೋದ ಆ ರಸವನ್ನೂ ಪಕ್ಕಪಕ್ಕ ಇಟ್ಟು ನೋಡಿ. ಅಲ್ಲಿ ಕೇರಿಯ ಮೈಯನ್ನು ಚುಚ್ಚಿ ಒಳಗಿನ ರಸ ತೆಗೆಯಲು ಸಂಕೋಚವಿಲ್ಲ. ಇಲ್ಲಿ ಗಾಜಿನ ಕಡ್ಡಿ ಸೋಕಿಸಲು ನಡುವೆ ಇನ್ನೊಂದು ಧರ್ಮದ ಮನುಷ್ಯ ಬೇಕು. ಇಂಥ ಡಾಕ್ಟರುಗಳ ನಾಡಿನಲ್ಲೇ ಸಾವಿತ್ರಿಬಾಯಿ ಫುಲೆಯೂ ಇದ್ದರು ಅನ್ನುವುದು ಸಮಾಧಾನ. 1897ರ ಪ್ಲೇಗಿನಲ್ಲಿ ಕಾಯಿಲೆ ಬಿದ್ದ ಮಹಾರರ ಹುಡುಗನನ್ನು ಬೆನ್ನ ಮೇಲೆ ಹೊತ್ತು ಮಗ ಯಶವಂತನ ದವಾಖಾನೆಗೆ ತಂದರು. ಆ ಪ್ಲೇಗೇ ಅವರಿಗೂ ತಗುಲಿ ಮಾರ್ಚ್ 10ರಂದು ತೀರಿಕೊಂಡರು. ಮುಟ್ಟುವುದು ಅಂದರೆ ಏನು ಅಂತ ಮೆಡಿಕಲ್ ಕಾಲೇಜು ಮೆಟ್ಟದ ಮೇಷ್ಟ್ರಮ್ಮನಿಗೆ ಗೊತ್ತಿತ್ತು.

ಬಾಬಾಸಾಹೇಬರ ಮನೆಯ ಲೆಕ್ಕವನ್ನೂ ನೋಡಿಬಿಡೋಣ. ಅವರು ತಂದೆತಾಯಿಗೆ ಹದಿನಾಲ್ಕನೆಯವರು. ಹದಿನ್ನಾಲ್ಕರಲ್ಲಿ ಉಳಿದು ಬೆಳೆದವರು ಮೂರು ಗಂಡು ಎರಡು ಹೆಣ್ಣು. ಭೀಮರಾಯರಿಗೂ ರಮಾಬಾಯಿಗೂ ಹುಟ್ಟಿದವರು ಐದು. ಗಂಗಾಧರ, ರಮೇಶ, ಇಂದು, ರಾಜರತ್ನ ನಾಲ್ವರೂ ಎಳೆಯರಾಗಿಯೇ ಹೋದರು. ಯಶವಂತ ಒಬ್ಬನೇ ಉಳಿದ. ಕೊಲಂಬಿಯಾ, ಲಂಡನ್ನುಗಳ ಡಾಕ್ಟರೇಟು ಪಡೆದ ಬ್ಯಾರಿಸ್ಟರ ಮನೆಯಲ್ಲೇ ಹೀಗೆ. ರಾಜರತ್ನ ತೀರಿಕೊಂಡದ್ದು 1926ರ ಜುಲೈನಲ್ಲಿ. ಅದಾದ ಎಂಟು ತಿಂಗಳಿಗೆ, 1927ರ ಮಾರ್ಚಿನಲ್ಲಿ, ಮಹಾಡದ ಚವದಾರ ಕೆರೆಯ ನೀರು ಕುಡಿಯಲು ಜನರನ್ನು ಕರೆದುಕೊಂಡು ಹೊರಟರು. ಮಹಾಡನ್ನು ನಾವು ಸ್ವಾಭಿಮಾನದ ಹೋರಾಟ ಅಂತ ಪಾಠ ಮಾಡುತ್ತೇವೆ. ಮೇಷ್ಟ್ರುಗಳು ಅದನ್ನು ಮಕ್ಕಳ ಆರೋಗ್ಯದ ಪಾಠವಾಗಿಯೂ ಹೇಳಬೇಕು. ಕೂಸುಗಳನ್ನು ಕೊಲ್ಲುತ್ತಿದ್ದ ವಾಂತಿ ಭೇದಿ ನೀರಿನಿಂದ ಬರುವಂಥದ್ದು. ಊರ ಬಾವಿ ಮುಟ್ಟುವಂತಿಲ್ಲ, ಕೆರೆ ಮುಟ್ಟುವಂತಿಲ್ಲ ಅಂದರೆ ಕೇರಿಯ ಕೂಸಿಗೆ ಉಳಿಯುವುದು ದನ ಮಿಂದ ಗುಂಡಿಯ ನೀರು. ದಲಿತರು ಮುಟ್ಟಿದ ಚವದಾರ ಕೆರೆಯನ್ನು ಆಮೇಲೆ ಸಗಣಿ ಗಂಜಲ ಸುರಿದು ಶುದ್ಧ ಮಾಡಿದರು. ಆ ನೀರನ್ನು ಯಾರ ಮಕ್ಕಳು ಕುಡಿದರೋ ಕಾಣೆ.

ಅದೆಲ್ಲ ಹೋಯಿತು, ಈಗ ಎಲ್ಲಿದೆ ಅನ್ನುವವರಿಗೆ ಒಂದು ಲೆಕ್ಕ. 2015-16ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ ಐದು ವರ್ಷ ತುಂಬುವ ಮೊದಲೇ ಸಾಯುವ ಮಕ್ಕಳು, ಹುಟ್ಟಿದ ಸಾವಿರಕ್ಕೆ, ಪರಿಶಿಷ್ಟ ಜಾತಿಯಲ್ಲಿ ಸುಮಾರು 56, ಪರಿಶಿಷ್ಟ ಪಂಗಡದಲ್ಲಿ ಸುಮಾರು 57. ಪರಿಶಿಷ್ಟರೂ ಹಿಂದುಳಿದವರೂ ಅಲ್ಲದ ಉಳಿದವರಲ್ಲಿ ಸುಮಾರು 39. ಈ ನಡುವಿನ ಹದಿನೇಳು ಹದಿನೆಂಟು ಮಕ್ಕಳಿಗೆ ಯಾವ ಗ್ರಹ ಬಡಿಯಿತು ಅಂತ ಪಂಚಾಂಗ ನೋಡಬೇಕಾಗಿಲ್ಲ.

ಕಡೆಯದಾಗಿ ಮಲೆನಾಡಿನ ಒಂದು ಊರಿನ ವಿಷಯ ಹೇಳಬೇಕು. ಕಾಗೋಡು ಸತ್ಯಾಗ್ರಹ ನಡೆದ ಸಾಗರ ತಾಲ್ಲೂಕಿನಲ್ಲೇ ಹಂದಿಗೋಡು ಎಂಬ ಊರಿದೆ. 1975ರ ಹೊತ್ತಿಗೆ ಅಲ್ಲಿನ ದಲಿತ ಕೇರಿಯ ಒಂದು ಕಾಯಿಲೆ ಹೊರಗಿನವರ ಕಣ್ಣಿಗೆ ಬಿತ್ತು. ಸೊಂಟ ನೋವು, ಮೊಣಕಾಲು ನೋವು. ಕೆಲವು ಮಕ್ಕಳು ಬೆಳೆಯುವುದೇ ಇಲ್ಲ, ಕುಳ್ಳಾಗಿ ಉಳಿಯುತ್ತವೆ. ಕೆಲವರಿಗೆ ಎಳವೆಯಲ್ಲೇ, ಕೆಲವರಿಗೆ ದೊಡ್ಡವರಾದ ಮೇಲೆ ಶುರು. ನಡೆಯುತ್ತಿದ್ದವರು ಬಾಗುತ್ತಾರೆ, ಬಾಗಿದವರು ಕೋಲು ಹಿಡಿಯುತ್ತಾರೆ, ಕೋಲು ಹಿಡಿದವರು ತೆವಳುತ್ತಾರೆ. ಚಲವಾದಿ ಮೊದಲಾದ ದಲಿತ ಸಮುದಾಯಗಳ ಮನೆಗಳಲ್ಲಿ ಮಾತ್ರ, ಶಿವಮೊಗ್ಗ ಚಿಕ್ಕಮಗಳೂರು ಜಿಲ್ಲೆಗಳ ಹಲವು ಊರುಗಳಲ್ಲಿ ಇದು ಕಂಡಿತು. ಒಂದೇ ಮನೆಯಲ್ಲಿ ಅಪ್ಪ, ಮಗಳು, ಮೊಮ್ಮಗ. ಹೈದರಾಬಾದಿನ ರಾಷ್ಟ್ರೀಯ ಪೌಷ್ಟಿಕತೆ ಸಂಸ್ಥೆಯವರು ಬಂದು ನೋಡಿ 1977ರಲ್ಲಿ ಮಲೆನಾಡಿನ ಕೌಟುಂಬಿಕ ಸಂಧಿವಾತ ಅಂತ ಬರೆದರು. ಜನರ ಬಾಯಲ್ಲಿ ಅದು ಹಂದಿಗೋಡು ಕಾಯಿಲೆ.

ಕಾರಣ ಏನು? ಮೊದಲು ಸಿಕ್ಕಿಬಿದ್ದದ್ದು ಏಡಿ. ಹೊಸ ಭತ್ತದ ತಳಿಗಳ ಜೊತೆ ಗದ್ದೆಗೆ ಕ್ರಿಮಿನಾಶಕ ಬಂದಿತ್ತು. ಗದ್ದೆಯೊಡೆಯ ಹೊಡೆಸಿದ ವಿಷಕ್ಕೆ ಸತ್ತ ಏಡಿಗಳನ್ನು ಬಡವರು ಹಿಡಿದು ತಿಂದರು, ಅದಕ್ಕೇ ಹೀಗಾಯಿತು ಅನ್ನುವ ಮಾತು ಪತ್ರಿಕೆಗಳಲ್ಲಿ, ಪರಿಸರದ ಬರಹಗಳಲ್ಲಿ ಬಹಳ ಓಡಾಡಿತು. ನಮ್ಮ ಗೆಳೆಯರಲ್ಲೂ ಅನೇಕರಿಗೆ ಆ ವಿವರಣೆ ಹಿಡಿಸಿತ್ತು. ಶೋಷಕ ಯಾರು, ವಿಷ ಯಾವುದು, ಎಲ್ಲ ಕಣ್ಣೆದುರಿಗೇ ಇತ್ತು. ಆದರೆ ಇಷ್ಟವಾಯಿತು ಅಂತ ಒಂದು ಕಾರಣ ನಿಜವಾಗುವುದಿಲ್ಲ. ಲಕ್ನೋದ ವೈದ್ಯರೂ ಸೇರಿ ನಡೆಸಿದ, 1990ರ ದಶಕದಲ್ಲಿ ಪ್ರಕಟವಾದ ಅಧ್ಯಯನಗಳು ಎಲುಬಿನ ಎಕ್ಸ್‌ರೇ ನೋಡಿ, ಮನೆತನಗಳ ವಂಶಾವಳಿ ಬರೆದು, ಇದು ರಕ್ತದಲ್ಲಿ ಬರುವ ಕಾಯಿಲೆ ಅಂತ ತೋರಿಸಿದವು. ತಾಯಿತಂದೆಯರಲ್ಲಿ ಒಬ್ಬರಿಂದ ಬಂದರೂ ಸಾಕು, ಮಗುವಿಗೆ ಬರಬಹುದು.

ಆಗ ಏಡಿಯ ಜಾಗಕ್ಕೆ ಇನ್ನೊಂದು ಆರೋಪಿ ಬಂತು, ಸೋದರಸಂಬಂಧ. ಈ ಜನ ತಮ್ಮತಮ್ಮಲ್ಲೇ ಕೊಟ್ಟು ತಂದು ಮಕ್ಕಳನ್ನು ಹಾಳು ಮಾಡಿದರು ಅಂತ ಓದಿದವರೇ ಮಾತಾಡಿದರು. ಅಕ್ಕನ ಮಗಳನ್ನು, ಸೋದರತ್ತೆಯ ಮಗಳನ್ನು ತರುವುದು ಹಂದಿಗೋಡಿನ ಕೇರಿಯಲ್ಲಿ ಮಾತ್ರವೇ? ಈ ನಾಡಿನ ಎಷ್ಟು ದೊಡ್ಡ ಜಾತಿಗಳಲ್ಲಿ ಅದು ಮರ್ಯಾದೆಯ ಸಂಬಂಧ! ಒಬ್ಬರಿಂದಲೇ ದಾಟುವ ಕಾಯಿಲೆಗೆ ಸೋದರಸಂಬಂಧವೇ ಬೇಕಾಗಿಲ್ಲ. ಕಾಯಿಲೆಯಿರುವ ಎರಡು ಮನೆ ಒಂದಾದರೆ ಅದು ಇನ್ನೂ ಬಲವಾಗುತ್ತದೆ ಅನ್ನುವುದು ನಿಜ. ಹಾಗಾದರೆ ಕೇಳಬೇಕಾದ ಪ್ರಶ್ನೆ ಬೇರೆ. ತಲೆಮಾರುಗಳ ಕಾಲ ಒಂದು ದೋಷ ಕೆಲವೇ ಮನೆತನಗಳ ಸುತ್ತು ಬೇಲಿಯೊಳಗೆ ತಿರುಗುತ್ತಲೇ ಇದ್ದದ್ದು ಹೇಗೆ? ಬೇಲಿ ಹಾಕಿದವರು ಯಾರು? 1916ರಲ್ಲಿ ಕೊಲಂಬಿಯಾದಲ್ಲಿ ಓದಿದ ಪ್ರಬಂಧದಲ್ಲಿ ಇಪ್ಪತ್ತೈದರ ತರುಣ ಅಂಬೇಡ್ಕರ್ ಜಾತಿಯ ಪ್ರಾಣ ಇರುವುದು ಜಾತಿಯೊಳಗೇ ಮದುವೆಯಾಗುವ ಕಟ್ಟಳೆಯಲ್ಲಿ ಅಂತ ಹೇಳಿದ್ದರು. ಹಂದಿಗೋಡಿನ ಎಕ್ಸ್‌ರೇ ಚಿತ್ರಗಳಲ್ಲಿ ಆ ಕಟ್ಟಳೆ ಮಕ್ಕಳ ಸೊಂಟದ ಮೂಳೆಯ ಮೇಲೆ ಬಿದ್ದಿದೆ.

ಹತ್ತಿರದ ಸಂಬಂಧ ಬಿಡಿ, ಹೊರಗೆ ಕೊಡಿ, ಹೊರಗಿನಿಂದ ತನ್ನಿ ಅಂತ ಇಂಥ ಮನೆಗಳಿಗೆ ಬುದ್ಧಿ ಹೇಳುವುದು ಸುಲಭ. ಹೊರಗೆ ಅಂದರೆ ಎಲ್ಲಿಗೆ? ಹಂದಿಗೋಡಿನ ಮೇಲಿನ ಕೇರಿಯಲ್ಲಿ ಗಂಡುಗಳಿಗೇನು ಬರ ಇರಲಿಲ್ಲ.